ವಿನೋದದ ಇತಿಹಾಸ ಮತ್ತು ಇತಿಹಾಸದ ವಿನೋದ

೧೯೩೦ರಲ್ಲಿ ಪ್ರಕಟವಾದ ‘೧೦೬೬ ಅಂಡ್ ಆಲ್ ದಟ್’ ಎಂಬ ಇಂಗ್ಲೆಂಡಿನ ವಿಡಂಬನ ಚರಿತ್ರೆಯನ್ನು ಇತಿಹಾಸದ ಅಧ್ಯಾಪಕರು ಸಾಮಾನ್ಯವಾಗಿ ವಿರಾಮಕಾಲದ ಓದೆಂದೇ ಎಣಿಸುವರು. ಇದರ ಕರ್ತೃಗಳಾದ ಸೆಲ್ಲರ್ ಮತ್ತು ಯೇಟ್‌ಮನ್ ಇಬ್ಬರೂ ಪ್ರಥಮ ಮಹಾಯುದ್ಧದಲ್ಲಿ ಹೋರಾಡಿ, ಆಕ್ಸ್‌ಫರ್ಡಿನ ಓರಿಯೆಲ್ ಕಾಲೇಜಿನಲ್ಲಿ ಓದಿದವರು. ಸೆಲ್ಲರನು ವೃತ್ತಿಯಿಂದ ಶಾಲಾ ಉಪಾಧ್ಯಾಯ. ಈ ಸಂಗತಿಯನ್ನು ಮರೆತವರಿಗೆ ಗ್ರಂಥದ ಗುರಿ ತಿಳಿಯದು.

ಮೇಲ್ನೋಟಕ್ಕೆ ಪರಿಹಾಸಕ್ಕೀಡಾದವರು ಅರಸರು. ವಸ್ತುತಃ ಈಡಾದುದು ಪಠ್ಯಪುಸ್ತಕ. ಓದಿದವರ ನೆನಪಿನಲ್ಲಿ ಉಳಿದಿರುವುದೇ ಇತಿಹಾಸವೆಂದು ಹೊರಟ ಲೇಖಕರಿಗೆ ಕಡೆಗೆ ದೊರೆತ ಇಸವಿಗಳು ಎರಡೇ: ಸೀಸರನು ದಂಡೆತ್ತಿ ಬಂದ ಕ್ರಿ.ಪೂ. ೫೫, ನಾರ್ಮನರು ಗೆದ್ದ ೧೦೬೬. ಮಿಕ್ಕುದೆಲ್ಲ ಒಳ್ಳೆಯ ದೊರೆ, ಕೆಟ್ಟ ದೊರೆ ಎಂಬ ಹಣೆಪಟ್ಟಿ. ಪರರು ಬಂದು ಗೆದ್ದರೂ ಅದು ಇಂಗ್ಲೆಂಡಿನ ಭಾಗ್ಯವೇ! ಗತಕಾಲವನ್ನು ವರ್ತಮಾನದ ವೈಭವಕ್ಕೆ ಮೆಟ್ಟಿಲಾಗಿಸುವ ಈ ಪ್ರವೃತ್ತಿಯನ್ನು ಹರ್ಬರ್ಟ್ ಬಟರ್‌ಫೀಲ್ಡನು ‘ದಿ ವಿಗ್ ಇಂಟರ್‌ಪ್ರಿಟೇಷನ್ ಆಫ್ ಹಿಸ್ಟರಿ’ಯಲ್ಲಿ ಖಂಡಿಸಿದುದು ೧೯೩೧ರಲ್ಲಿ. ವಿದೂಷಕರು ಪಂಡಿತನಿಗಿಂತ ಒಂದು ವರ್ಷ ಮುಂದಿದ್ದರು.

ಗ್ರಂಥದಲ್ಲಿ ನಗೆಯು ಕಹಿಯಾಗುವ ಸ್ಥಳವೊಂದುಂಟು. ವಿಕ್ಟೋರಿಯಾ ರಾಣಿಯ ಕಾಲದ ‘ನ್ಯಾಯವಾದ’ ಯುದ್ಧಗಳ ಪಟ್ಟಿಯಲ್ಲಿ ಜೂಲು ಯುದ್ಧಕ್ಕೆ ಆ ಜನರ ಅಸ್ತಿತ್ವವನ್ನೇ ಕಾರಣವಾಗಿ ತೋರಿಸಿ, ಅವರ ಸಂಹಾರವಾದ ಬಳಿಕ ಶಾಂತಿಯನ್ನು ಸಾರಲಾಗಿದೆ. ವಾಸ್ತವದಲ್ಲಿ ೧೮೭೮ರ ಡಿಸೆಂಬರಿನಲ್ಲಿ ಒಪ್ಪಲಾಗದ ಷರತ್ತುಗಳನ್ನು ವಿಧಿಸಿ ೧೮೭೯ರ ಆ ಯುದ್ಧಕ್ಕೆ ದಾರಿ ಮಾಡಿದವನು ಹೈಕಮಿಷನರ್ ಬಾರ್ಟಲ್ ಫ್ರಿಯರ್. ೧೮೬೨ರಿಂದ ೧೮೬೭ರವರೆಗೆ, ಧಾರವಾಡವೂ ಸೇರಿದ್ದ ಮುಂಬಯಿ ಪ್ರಾಂತಕ್ಕೆ ಗವರ್ನರನಾಗಿದ್ದವನು ಇವನೇ. ಇಂಗ್ಲೆಂಡಿನ ಬಾಲಕನು ತನ್ನ ಪಾಠವನ್ನು ನೆನೆದು ಇಲ್ಲಿ ನಗಬಹುದು. ಆಳಿಸಿಕೊಂಡವರ ಮಕ್ಕಳಾದ ನಮಗೆ ಇದೇ ಪುಟವು ಗ್ರಂಥದ ಅತ್ಯಂತ ಗಂಭೀರವಾದ ಪುಟವಾಗಿ ತೋರುತ್ತದೆ. ಲೇಖಕರು ದನಿಯನ್ನು ಎಳ್ಳಷ್ಟೂ ಬದಲಿಸದಿರುವುದೇ ಇದರ ಬಲ.

ದೋಷವಿಲ್ಲವೆಂದಲ್ಲ. ಪದಚೇಷ್ಟೆ ಹಲವೆಡೆ ಬೇಸರ ತರುತ್ತದೆ. ಅಲ್ಲದೆ, ಬಾಯಿಪಾಠ ಮಾಡದವನಿಗೆ ಈ ಹಾಸ್ಯ ದಕ್ಕದು. ತಾನು ಹಳಿಯುವ ಶಿಕ್ಷಣವನ್ನೇ ಅದು ಆಶ್ರಯಿಸಿದೆ. ಅನುವಾದದಲ್ಲಿ ಇದು ಉಳಿಯಲಾರದು.

ಆದರೆ ಆ ಪದ್ಧತಿಯು ನಮಗೆ ಅಪರಿಚಿತವಲ್ಲ. ಆಂಗ್ಲರ ಆಳ್ವಿಕೆಯಲ್ಲಿ ಇಂಗ್ಲೆಂಡಿನ ಇತಿಹಾಸವನ್ನು ಉರುಹೊಡೆದ ನಮ್ಮ ಕಾಲೇಜುಗಳು ಆ ಪಠ್ಯವನ್ನು ಬಿಟ್ಟರೂ ಹಣೆಪಟ್ಟಿಯನ್ನು ಬಿಡಲಿಲ್ಲ. ಅಶೋಕನು ಸಾಲುಮರ ನೆಡಿಸಿದನು, ಅಕ್ಬರನು ಒಳ್ಳೆಯವನು, ತುಘಲಕನು ಹುಚ್ಚನು. ೧೯೬೪ರಲ್ಲಿ ಗಿರೀಶ ಕಾರ್ನಾಡರ ‘ತುಘಲಕ್’ ನಾಟಕವು ಈ ಕೊನೆಯ ಪಟ್ಟಿಯನ್ನು ಕಿತ್ತೊಗೆಯಿತು. ಪರೀಕ್ಷೆಯ ಉತ್ತರಪತ್ರಿಕೆಗಳಲ್ಲಿ ಅದು ಇನ್ನೂ ಭದ್ರವಾಗಿದೆ. ಕನ್ನಡದಲ್ಲಿ ಇಂಥ ಚರಿತ್ರೆಯನ್ನು ಬರೆಯಹೊರಡುವವರು ಸಾಮಗ್ರಿಗಾಗಿ ದೂರ ಹೋಗಬೇಕಾಗಿಲ್ಲ.