ಆಟವನ್ನು ಕಾಣದ ಇಬ್ಬರು ಬಾಲಕರು: ಎರಡು ಚಲಚ್ಚಿತ್ರಗಳ ವಿಚಾರ

೧

ಮಕ್ಕಳಿಗಾಗಿ ರಚಿತವಾದ ಕೃತಿಗಳಲ್ಲಿ ನೀತಿಗೆ ಯಾವ ಸ್ಥಾನವಿರಬೇಕು ಎಂಬ ಪ್ರಶ್ನೆಯು ಹಳೆಯದು. ವೇದದ ಉಪದೇಶವು ಪ್ರಭುವಿನ ಆಜ್ಞೆಯಂತೆ, ಪುರಾಣೇತಿಹಾಸಗಳದು ಸ್ನೇಹಿತನ ಹಿತವಚನದಂತೆ, ಕಾವ್ಯದ್ದಾದರೋ ಕಾಂತೆಯ ಮಾತಿನಂತೆ ಎಂದು ಆಲಂಕಾರಿಕರು ವಿಭಾಗಮಾಡಿರುವರು. ದೊಡ್ಡವರ ಸಾಹಿತ್ಯವನ್ನು ಅಳೆಯುವಾಗ ಎಲ್ಲರಿಗೂ ನೆನಪಿರುವ ಈ ವಿವೇಕವು ಮಕ್ಕಳ ವಿಷಯಕ್ಕೆ ಬಂದೊಡನೆ ಮರೆತುಹೋಗುತ್ತದೆ. ಕೃತಿಕಾರನು ಬೆತ್ತ ಹಿಡಿದ ಉಪಾಧ್ಯಾಯನಾಗುವನು, ಕಥೆಯು ಪಾಠವಾಗುವುದು.

ಕಾಲ್ಚೆಂಡಾಟವನ್ನು ವಸ್ತುವಾಗುಳ್ಳ ಬಾಲಚಿತ್ರಗಳಲ್ಲಿ ಈ ದೋಷವು ವಿಶೇಷವಾಗಿ ಕಾಣುವುದು. ಹಳ್ಳಿಯ ಹುಡುಗರು ತಂಡವೊಂದನ್ನು ಕಟ್ಟುವರು, ಮೊದಲು ಸೋಲುವರು, ಒಬ್ಬ ಗುರುವು ದೊರೆಯುವನು, ಕೊನೆಯಲ್ಲಿ ಪಟ್ಟಣದ ಹುಡುಗರನ್ನು ಗೆದ್ದು ಬಟ್ಟಲನ್ನು ಮನೆಗೆ ತರುವರು. ಶ್ರಮಪಟ್ಟವನಿಗೆ ಜಯವುಂಟೆಂಬುದು ಇಲ್ಲಿಯ ನೀತಿ. ಆದರೆ ಸೋತ ತಂಡದ ಹುಡುಗರೂ ಶ್ರಮಪಟ್ಟಿರುವರೆಂಬುದು ಇಂತಹ ಕಥೆಗಳಿಗೆ ಹೊಳೆಯುವುದಿಲ್ಲ. ಹನ್ನೊಂದು ಮಂದಿ ಒಂದು ತಂಡವಾಗುವುದೆಂದರೇನು, ಒಬ್ಬನಿಗೆ ಇನ್ನೊಬ್ಬನು ಏನನ್ನು ಸಲ್ಲಿಸಬೇಕು ಎಂಬ ಮೂಲಪ್ರಶ್ನೆಯು ಗೆಲುವಿನ ಸಂಭ್ರಮದಲ್ಲಿ ಮುಚ್ಚಿಹೋಗುವುದು.

ಈ ಮಾರ್ಗವನ್ನು ಬಿಟ್ಟು ನಡೆದ ಎರಡು ಚಿತ್ರಗಳನ್ನು ಒಟ್ಟಿಗೆ ಪರಿಶೀಲಿಸುವುದು ಪ್ರಯೋಜನಕರವಾಗಿದೆ. ಒಂದು, ಇರಾನಿನ ಅಬ್ಬಾಸ್ ಕಿಯಾರೊಸ್ತಮಿಯು ೧೯೭೪ರಲ್ಲಿ ನಿರ್ಮಿಸಿದ 'ಮೊಸಾಫೆರ್'. ಇದು ಕನ್ನಡದ 'ಮುಸಾಫಿರಖಾನೆ'ಯಲ್ಲಿರುವ ಪದವೇ ಆದುದರಿಂದ 'ಪ್ರಯಾಣಿಕ' ಎಂಬ ಅರ್ಥವು ಸುಲಭವಾಗಿ ತಿಳಿಯುವುದು. ಇನ್ನೊಂದು, ಭೂತಾನದ ಖ್ಯೆಂತ್ಸೆ ನೋರ್ಬುವಿನ ೧೯೯೯ರ 'ಫೋರ್ಪಾ', ಎಂದರೆ 'ಬಟ್ಟಲು'. ಇವೆರಡರ ಕರ್ತೃಗಳಿಗೂ ದೇಶಗಳಿಗೂ ಮತಗಳಿಗೂ ಯಾವ ಸಂಬಂಧವೂ ಇಲ್ಲ. ಆದರೂ ಎರಡರ ಕಥಾಶರೀರವು ಆಶ್ಚರ್ಯಕರವಾಗಿ ಒಂದೇ: ದೊಡ್ಡ ಆಟವೊಂದನ್ನು ನೋಡಬೇಕೆಂದು ಹಂಬಲಿಸುವ ಬಾಲಕನೊಬ್ಬನು ಅದಕ್ಕೆ ಬೇಕಾದ ಹಣಕ್ಕಾಗಿ ಇತರರ ಸೊತ್ತಿಗೆ ಕೈಹಾಕುವನು; ಆಟವು ನಡೆಯುವ ಕಾಲಕ್ಕೆ ಅದನ್ನು ನೋಡಲಾರದೆ ಹೋಗುವನು. ತಡೆಯುವವರು ಯಾರೂ ಇಲ್ಲ. ಅವನ ಅಂತರಂಗವೇ ತಡೆಯುವುದು. ಈ ಸಾಮ್ಯವನ್ನೂ, ಅದಕ್ಕಿಂತ ಮುಖ್ಯವಾದ ಭೇದವನ್ನೂ ತೋರಿಸುವುದು ಈ ಲೇಖನದ ಉದ್ದೇಶ.

೨

'ಮೊಸಾಫೆರ್' ಚಿತ್ರವನ್ನು ನಿರ್ಮಿಸಿದ ಸಂಸ್ಥೆಯು ೧೯೬೫ರಲ್ಲಿ ಇರಾನಿನಲ್ಲಿ ಬಾಲಕರ ಮತ್ತು ತರುಣರ ಬುದ್ಧಿವಿಕಾಸಕ್ಕಾಗಿ ಸ್ಥಾಪಿತವಾಯಿತು. 'ಕಾನೂನ್' ಎಂಬುದು ಅದರ ರೂಢನಾಮ. ಕಿಯಾರೊಸ್ತಮಿಯು (೧೯೪೦-೨೦೧೬) ಅದರ ಚಲಚ್ಚಿತ್ರಶಾಖೆಯಲ್ಲಿಯೇ ಕಲೆಯನ್ನು ಕಲಿತವನು. ೧೯೭೦ರಲ್ಲಿ ಅವನು ತೆಗೆದ ಮೊದಲ ಕಿರುಚಿತ್ರವೂ ಬಾಲಕನೊಬ್ಬನ ಕಥೆಯೇ. ಹೀಗೆ ಮಕ್ಕಳ ಹಿತಕ್ಕೆಂದೇ ನಿಂತ ಸಂಸ್ಥೆಯೊಂದು, ಸುಳ್ಳುಗಾರನೂ ಕಳ್ಳನೂ ಆದ ಹುಡುಗನನ್ನು ನಾಯಕನನ್ನಾಗಿ ಮಾಡಿದ ಚಿತ್ರಕ್ಕೆ ಆಶ್ರಯ ಕೊಟ್ಟಿತೆಂಬುದು ಗಮನಾರ್ಹವಾದುದು.

ಕಥೆ ನಡೆಯುವುದು ಪಶ್ಚಿಮ ಇರಾನಿನ ಮಲಾಯೆರ್ ಎಂಬ ಸಣ್ಣ ಊರಿನಲ್ಲಿ. ಕಾಸೆಂ ಶಾಲೆಗೆ ಹೋಗುವ ಹುಡುಗ. ಅವನ ಮನಸ್ಸೆಲ್ಲ ಕಾಲ್ಚೆಂಡಿನ ಮೇಲೆ. ತಡವಾಗಿ ಬಂದು, ಗಲ್ಲಕ್ಕೆ ಬಟ್ಟೆ ಕಟ್ಟಿಕೊಂಡು, ಹಲ್ಲುನೋವೆಂದು ನಟಿಸುವನು. ಪಾಠ ನಡೆಯುತ್ತಿರುವಾಗ ಆಟದ ಪತ್ರಿಕೆಯನ್ನು ಓದುವನು. ರಾಜಧಾನಿ ತೆಹರಾನಿನಲ್ಲಿ ದೊಡ್ಡ ಪಂದ್ಯವೊಂದು ನಡೆಯಲಿದೆ. ಅದನ್ನು ಕಣ್ಣಾರೆ ನೋಡಬೇಕು. ಮನೆಯಲ್ಲಿ ಹಣ ಕದಿಯುವನು. ತಾಯಿಯು ಶಾಲೆಗೆ ಬಂದು ದೂರು ಹೇಳುವಳು. ಮುಖ್ಯೋಪಾಧ್ಯಾಯನು ಅವಳ ಎದುರಿಗೇ ಹುಡುಗನ ಅಂಗೈಗೆ ಹೊಡೆಯುವನು. ಹುಡುಗನು ನೋವಿನಿಂದ ಕೂಗುವನೇ ಹೊರತು ಒಪ್ಪಿಕೊಳ್ಳುವುದಿಲ್ಲ. ದಂಡನೆಯು ಅಲ್ಲಿಗೆ ಮುಗಿಯುವುದು. ಅದರಿಂದ ಯಾರಿಗೂ ಏನೂ ತಿಳಿಯುವುದಿಲ್ಲ. ಬೆತ್ತದ ನೀತಿಯು ಎಷ್ಟು ನಿಷ್ಫಲವೆಂಬುದನ್ನು ವ್ಯಾಖ್ಯಾನವಿಲ್ಲದೆ ಇದಕ್ಕಿಂತ ಸ್ಪಷ್ಟವಾಗಿ ತೋರಿಸುವುದು ಕಷ್ಟ.

ಈ ಚಿತ್ರದ ಹೃದಯವೆನ್ನಬೇಕಾದುದು ಮುಂದಿನ ಸನ್ನಿವೇಶ. ಹಳೆಯ ಛಾಯಾಗ್ರಾಹಕಯಂತ್ರವೊಂದು ಕಾಸೆಂನ ಕೈಗೆ ಸಿಕ್ಕಿದೆ, ಮಾರಹೋದರೆ ಕೊಳ್ಳುವವರಿಲ್ಲ. ಆಗ ಅವನು ಗೆಳೆಯ ಅಕ್ಬರನನ್ನು ಕೂಡಿಕೊಂಡು, ಒಳಗೆ ಫಿಲ್ಮೇ ಇಲ್ಲದ ಆ ಯಂತ್ರದಿಂದ ಶಾಲೆಯ ಮಕ್ಕಳ ಚಿತ್ರ ತೆಗೆಯುವ ವ್ಯಾಪಾರಕ್ಕೆ ತೊಡಗುವನು. ಮಕ್ಕಳು ಸಾಲಾಗಿ ಬರುವರು. ಒಬ್ಬೊಬ್ಬರೂ ಗೋಡೆಯ ಮುಂದೆ ನಿಂತು, ಬಟ್ಟೆ ಸರಿಮಾಡಿಕೊಂಡು, ಉಸಿರು ಬಿಗಿಹಿಡಿದು ನೋಡುವರು. ಕಾಸೆಂ ಒಬ್ಬ ಕಸಬುದಾರನ ಗಾಂಭೀರ್ಯದಿಂದ ಗುಂಡಿಯೊತ್ತಿ ಕಾಸನ್ನು ತೆಗೆದುಕೊಳ್ಳುವನು. ವಂಚನೆಯು ಸಂಪೂರ್ಣವಾದುದು, ಆದರೂ ನೋಡುವವನಿಗೆ ಬರುವುದು ಕೋಪವಲ್ಲ. ಹಾಸ್ಯವೂ ಕರುಣೆಯೂ ಬೇರ್ಪಡಿಸಲಾಗದಂತೆ ಇಲ್ಲಿ ಸೇರಿವೆ. ಇದಕ್ಕೆ ಕಾರಣವನ್ನು ವಿಚಾರಿಸಿದರೆ ಕವಿಯ ಜಾಣ್ಮೆಯು ತಿಳಿಯುವುದು. ಕಾಸೆಂನ ಯಂತ್ರವು ಬರಿದಾಗಿದ್ದರೂ ಅವನ ಹಿಂದಿರುವ ಕಿಯಾರೊಸ್ತಮಿಯ ಯಂತ್ರವು ಬರಿದಲ್ಲ. ಯಾವ ಮುಖಗಳು ಮೋಸಹೋದುವೋ ಅವೇ ಮುಖಗಳು ಈ ಚಿತ್ರದಲ್ಲಿ ಶಾಶ್ವತವಾಗಿ ನಿಂತಿವೆ. ಹುಡುಗನು ಸಲ್ಲಿಸದ ಸಾಲವನ್ನು ಕಲೆಯು ಸಲ್ಲಿಸಿದೆ.

ಅಷ್ಟರಿಂದಲೂ ಹಣ ಸಾಲದು. ಆಗ ಕಾಸೆಂ ತನ್ನ ತಂಡದ ಚೆಂಡನ್ನೂ ಗೋಲುಕಂಬಗಳನ್ನೂ ಮತ್ತೊಂದು ಗುಂಪಿನ ಹುಡುಗರಿಗೆ ಮಾರಿಬಿಡುವನು. ಇದು ಮನೆಯ ಕಳ್ಳತನಕ್ಕಿಂತಲೂ ಛಾಯಾಚಿತ್ರದ ವಂಚನೆಗಿಂತಲೂ ಘೋರವಾದುದು. ಚೆಂಡು ಒಬ್ಬನದಲ್ಲ; ಅದು ಇರುವುದರಿಂದಲೇ ಬೀದಿಯ ಹುಡುಗರು ತಂಡವೆನ್ನಿಸಿಕೊಳ್ಳುವರು. ದೂರದ ಆಟವನ್ನು ನೋಡುವುದಕ್ಕಾಗಿ ಹತ್ತಿರದ ಆಟವನ್ನು ಮಾರುವುದು, ನೋಟಕನಾಗುವುದಕ್ಕಾಗಿ ಆಟಗಾರತನವನ್ನು ತ್ಯಜಿಸುವುದು: ಕಥೆಯ ದುರಂತವೆಲ್ಲವೂ ಈ ಒಂದು ಕ್ರಯದಲ್ಲಿ ಅಡಗಿದೆ. ಕೃತಿಕಾರನು ಅದನ್ನು ಒತ್ತಿ ಹೇಳುವುದಿಲ್ಲ. ಸಂತೆಯ ಸಾಮಾನ್ಯ ವ್ಯವಹಾರದಂತೆ ತೋರಿಸಿ ಮುಂದೆ ಹೋಗುವನು.

ರಾತ್ರಿಯ ಬಸ್ಸಿನಲ್ಲಿ ತೆಹರಾನನ್ನು ಸೇರಿದ ಹುಡುಗನು ಸಾಲಿನಲ್ಲಿ ನಿಲ್ಲುವನು. ಅವನ ಸರದಿ ಬರುವ ಹೊತ್ತಿಗೆ ಚೀಟಿಗಳು ತೀರಿರುವುವು. ಕಾಳಸಂತೆಯವನಿಂದ ಹೆಚ್ಚು ಬೆಲೆಗೆ ಕೊಂಡು ಒಳಗೆ ಹೋಗುವನು. ಆಟಕ್ಕೆ ಇನ್ನೂ ಕೆಲವು ಗಂಟೆಗಳಿವೆ. ಸುತ್ತಾಡುತ್ತ ಈಜುಕೊಳವೊಂದರ ಬಳಿ ಬಂದು, ಗಾಜಿನ ಆಚೆಯಿರುವ ಪಟ್ಟಣದ ಹುಡುಗನನ್ನು ಮಾತನಾಡಿಸಹೋಗುವನು. ಮಾತು ಗಾಜನ್ನು ದಾಟುವುದಿಲ್ಲ. ಬಳಲಿ ಹುಲ್ಲಿನ ಮೇಲೆ ಒರಗಿದವನಿಗೆ ನಿದ್ರೆ ಬರುವುದು. ನಿದ್ರೆಯಲ್ಲಿ, ತಪ್ಪಿತಸ್ಥನಾಗಿ ಸಿಕ್ಕಿಬಿದ್ದು ದಂಡನೆಗೆ ಒಳಗಾಗುವ ಕನಸು. ಎಚ್ಚತ್ತು ಓಡಿದರೆ ಆಟ ಮುಗಿದಿದೆ. ಬರಿದಾದ ಮೆಟ್ಟಿಲುಸಾಲುಗಳು, ಕಸ ಗುಡಿಸುವವರು, ಹಾರಾಡುವ ಕಾಗದದ ಚೂರುಗಳು.

ಈ ಮುಕ್ತಾಯವನ್ನು 'ಪಾಪಕ್ಕೆ ತಕ್ಕ ಫಲ' ಎಂದು ಅರ್ಥಮಾಡುವುದು ಸುಲಭ. ಆದರೆ ಅದು ಸರಿಯಲ್ಲವೆಂದು ತೋರುತ್ತದೆ. ಹೊರಗಿನ ದಂಡನೆಯು ಯಾವುದನ್ನು ಮಾಡಲಾರದೆ ಹೋಯಿತೋ ಅದನ್ನು ಕನಸು ಮಾಡಿದೆ. ಮುಖ್ಯೋಪಾಧ್ಯಾಯನ ಮುಂದೆ ಒಪ್ಪಿಕೊಳ್ಳದವನು ನಿದ್ರೆಯಲ್ಲಿ ಒಪ್ಪಿಕೊಂಡಿದ್ದಾನೆ. ನೀತಿಯು ಹುಡುಗನ ಹೊರಗಿರದೆ ಒಳಗೇ ಹುಟ್ಟಿದೆ. ಆದರೆ ಹುಟ್ಟಿದುದು ನಿದ್ರೆಯಲ್ಲಿ. ಎಚ್ಚರದಲ್ಲಿ ಅದನ್ನು ಕಾರ್ಯಕ್ಕೆ ತರುವ ದಾರಿ ಅವನಿಗೆ ಕಾಣದು. ಕಥೆಯ ವಿಷಾದವು ಆಟ ತಪ್ಪಿಹೋಯಿತೆಂಬುದರಲ್ಲಿಲ್ಲ, ಇದರಲ್ಲಿದೆ.

೩

'ಫೋರ್ಪಾ' ಚಿತ್ರದ ಆವರಣವು ಬೇರೆ. ಹಿಮಾಚಲ ಪ್ರದೇಶದ ಬೀರ್ ಎಂಬಲ್ಲಿ ಟಿಬೆಟಿನಿಂದ ಬಂದವರು ಕಟ್ಟಿಕೊಂಡಿರುವ ಮಠವೊಂದು. ಕಾಲ, ೧೯೯೮ರ ವಿಶ್ವ ಕಾಲ್ಚೆಂಡುಪಂದ್ಯಗಳ ಕಾಲ. ಬೈಲುಕುಪ್ಪೆ, ಮುಂಡಗೋಡುಗಳಲ್ಲಿ ೧೯೬೦ರ ದಶಕದಿಂದ ನೆಲೆಸಿರುವ ಟಿಬೆಟಿನವರ ಮಠಗಳನ್ನು ಕಂಡ ಕನ್ನಡಿಗರಿಗೆ ಈ ಕೆಂಪು ವಸ್ತ್ರದ ಬಾಲಭಿಕ್ಷುಗಳು ಅಪರಿಚಿತರೇನಲ್ಲ. ನಿರ್ದೇಶಕನು ಸ್ವತಃ ಬೌದ್ಧಗುರು. ಪಾತ್ರಧಾರಿಗಳು ಬಹುಮಟ್ಟಿಗೆ ಮಠವಾಸಿಗಳೇ. ಮಠವೆಂಬುದು ಇಲ್ಲಿ ಶಾಲೆಯೂ ಹೌದು, ಮನೆಯೂ ಹೌದು, ಕಳೆದುಹೋದ ದೇಶವೂ ಹೌದು. ವೃದ್ಧನಾದ ಮಠಾಧಿಪತಿಯು ಎಂದಾದರೊಂದು ದಿನ ಟಿಬೆಟಿಗೆ ಹಿಂತಿರುಗಬೇಕೆಂದು ಪೆಟ್ಟಿಗೆಗಳನ್ನು ಕಟ್ಟಿಟ್ಟುಕೊಂಡೇ ಕುಳಿತಿರುವನು. ಅವನೂ ಒಬ್ಬ ಪ್ರಯಾಣಿಕ.

ಓರ್ಗ್ಯೆನ್ ಎಂಬ ಬಾಲಭಿಕ್ಷುವಿಗೆ ಕಾಲ್ಚೆಂಡಿನ ಹುಚ್ಚು. ತಗಡಿನ ಡಬ್ಬಿಯೇ ಅಂಗಳದಲ್ಲಿ ಚೆಂಡು. ರಾತ್ರಿಯಲ್ಲಿ ಕದ್ದುಹೋಗಿ ಹಳ್ಳಿಯಲ್ಲಿ ದೂರದರ್ಶನ ನೋಡಿ, ಶಿಸ್ತಿನ ಅಧಿಕಾರಿಯಾದ ಗೆಕೊವಿನ ಕೈಗೆ ಸಿಕ್ಕಿಬಿದ್ದ ಮೇಲೆ, ಕೊನೆಯ ಪಂದ್ಯವನ್ನು ಮಠದಲ್ಲಿಯೇ ಎಲ್ಲರೂ ನೋಡಲು ಅಪ್ಪಣೆ ಬೇಡುವನು. ಗೆಕೊ ಮಠಾಧಿಪತಿಯ ಬಳಿ ಹೋಗಿ, ಎರಡು ದೇಶಗಳು ಚೆಂಡೊಂದಕ್ಕಾಗಿ ಹೋರಾಡುವುದನ್ನೂ, ಗೆದ್ದವರಿಗೆ ದೊರೆಯುವುದು ಒಂದು ಬಟ್ಟಲೆಂಬುದನ್ನೂ ವಿವರಿಸುವ ಸಂಭಾಷಣೆಯು ಶುದ್ಧವಾದ ಹಾಸ್ಯರಸಕ್ಕೆ ಉದಾಹರಣೆಯಾಗಿದೆ. ಅಪ್ಪಣೆ ದೊರೆಯುವುದು. ಹುಡುಗರು ಕಾಸು ಕೂಡಿಸುವರು; ಬಾಡಿಗೆಗೆ ಸಾಲದು. ಆಗ ಓರ್ಗ್ಯೆನ್, ಟಿಬೆಟಿನಿಂದ ಆಗತಾನೆ ತಪ್ಪಿಸಿಕೊಂಡು ಬಂದ ಪುಟ್ಟ ನ್ಯಿಮಾನ ಗಡಿಯಾರವನ್ನು ಒತ್ತಾಯದಿಂದ ಪಡೆದು ಅಂಗಡಿಯವನಲ್ಲಿ ಒತ್ತೆಯಿಡುವನು. ಆ ಗಡಿಯಾರವು ತಾಯಿಯ ಕೊಡುಗೆ. ಹುಡುಗನ ಬಳಿ ತಾಯಿಯ ಗುರುತಾಗಿ ಉಳಿದ ವಸ್ತು.

ದಿನಾಂಕ ೧೨-೭-೧೯೯೮ರ ಆ ಪಂದ್ಯದಲ್ಲಿ ಫ್ರಾನ್ಸ್ ಬ್ರೆಜಿಲನ್ನು ೩-೦ ರಿಂದ ಸೋಲಿಸಿತು. ಆದರೆ ಅಷ್ಟೆಲ್ಲ ಶ್ರಮಪಟ್ಟ ಓರ್ಗ್ಯೆನನಿಗೆ ಆಟವು ರುಚಿಸದು. ನ್ಯಿಮಾನ ಬಾಡಿದ ಮುಖವು ಅವನ ಕಣ್ಣಿಗೆ ಬೀಳುತ್ತಿರುವುದು. ಕೊನೆಗೆ ಎದ್ದುಹೋಗಿ, ಗಡಿಯಾರವನ್ನು ಬಿಡಿಸುವುದಕ್ಕಾಗಿ ಮಾರಬಹುದಾದ ತನ್ನ ಸ್ವಂತ ವಸ್ತುಗಳನ್ನು ಹುಡುಕುವನು. ಹಿಂದೆಯೇ ಬಂದ ಗೆಕೊ ಅದನ್ನು ಕಂಡು, ಸಾಲ ತೀರಿಸುವುದಕ್ಕೆ ತಾನು ನೆರವಾಗುವೆನೆಂದೂ, ವ್ಯಾಪಾರವರಿಯದ ಈ ಹುಡುಗನು ಒಳ್ಳೆಯ ಭಿಕ್ಷುವಾಗುವನೆಂದೂ ನಗೆಯಾಡುವನು.

೪

ಕಾಸೆಂ ಆಟವನ್ನು ಕಾಣದೆ ಹೋದುದು ನಿದ್ರೆಯಿಂದ. ಓರ್ಗ್ಯೆನ್ ಕಾಣದೆ ಹೋದುದು ಎಚ್ಚರದಿಂದ. ಎರಡು ಕೃತಿಗಳ ಭೇದವನ್ನು ಇಷ್ಟರಲ್ಲಿಯೇ ಸಂಗ್ರಹಿಸಬಹುದು. ಆದರೆ ಒಬ್ಬನು ಕೆಟ್ಟ ಹುಡುಗ, ಇನ್ನೊಬ್ಬನು ಒಳ್ಳೆಯ ಹುಡುಗ ಎಂದು ಇದರಿಂದ ಸಿದ್ಧವಾಗುವುದಿಲ್ಲ. ಹಂಬಲದ ತೀವ್ರತೆಯಲ್ಲಿ, ಇತರರ ಸೊತ್ತನ್ನು ಬಳಸಿಕೊಳ್ಳುವ ಧೈರ್ಯದಲ್ಲಿ ಇಬ್ಬರೂ ಸಮಾನರು. ವ್ಯತ್ಯಾಸವಿರುವುದು ಅವರ ಸುತ್ತಲಿನ ಹಿರಿಯರಲ್ಲಿ. ಕಾಸೆಂನ ತಾಯಿ ದೂರು ಹೇಳುವಳು, ತಂದೆ ಮೌನಿ, ಉಪಾಧ್ಯಾಯನು ಹೊಡೆಯುವನು. ಹುಡುಗನಿಗೆ ಏನು ಬೇಕೆಂದು ಕೇಳುವವರಿಲ್ಲ. ಓರ್ಗ್ಯೆನನ ಗೆಕೊ ಕೋಪಿಸಿಕೊಳ್ಳುವನು, ಶಿಕ್ಷಿಸುವನು, ಆದರೆ ಕೇಳುವನು. ಕೊನೆಗೆ ಸಾಲದಲ್ಲಿ ಪಾಲುಗಾರನಾಗುವನು. ತಂಡವೆಂಬುದು ಪರಸ್ಪರ ಋಣದ ಸಂಬಂಧ. ಆ ಋಣವನ್ನು ತೀರಿಸುವುದನ್ನು ಬಾಲಕನು ಕಲಿಯಬೇಕಾದರೆ, ಅವನ ಋಣವನ್ನು ಹೊರಲು ಸಿದ್ಧನಾದ ಹಿರಿಯನೊಬ್ಬನು ಬೇಕು.

ಗುಣದೋಷಗಳನ್ನು ತೂಗುವಲ್ಲಿ ಪಕ್ಷಪಾತವಿರಬಾರದು. 'ಫೋರ್ಪಾ'ದ ಕೊನೆಯಲ್ಲಿ ಮಠಾಧಿಪತಿಯು ಉಪದೇಶ ಮಾಡುವನು: ಭೂಮಿಯನ್ನೆಲ್ಲ ತೊಗಲಿನಿಂದ ಹೊದಿಸಲಾಗದು, ಕಾಲಿಗೆ ಕೆರವನ್ನು ಮೆಟ್ಟಿದರೆ ಸಾಕು ಎಂಬ ದೃಷ್ಟಾಂತ. ಇದು ಶಾಂತಿದೇವನ 'ಬೋಧಿಚರ್ಯಾವತಾರ'ದ ಐದನೆಯ ಪರಿಚ್ಛೇದದಿಂದ ಬಂದುದು. ಮಠದ ಕಥೆಯಲ್ಲಿ ಅನುಚಿತವಲ್ಲ. ಆದರೂ ಓರ್ಗ್ಯೆನ್ ಆಟವನ್ನು ಬಿಟ್ಟು ಎದ್ದುಹೋದಾಗಲೇ ಅರ್ಥವು ಧ್ವನಿತವಾಗಿರುವುದರಿಂದ, ವಾಚ್ಯವಾಗಿ ಮತ್ತೆ ಹೇಳಿದುದು ಅಧಿಕವೆನ್ನಿಸುವುದು. ಗೆಕೊವಿನ ನೆರವೂ ಸಕಾಲಕ್ಕೆ ಬಂದು ತೊಡಕನ್ನು ಸ್ವಲ್ಪ ಸುಲಭವಾಗಿಯೇ ಬಿಡಿಸಿಬಿಡುವುದು. ಇತ್ತ 'ಮೊಸಾಫೆರ್' ಇಂತಹ ಸಡಿಲಿಕೆಗೆ ಎಲ್ಲಿಯೂ ಎಡೆಗೊಟ್ಟಿಲ್ಲ. ರಚನೆಯ ಬಿಗಿಯಲ್ಲಿ, ಧ್ವನಿಯ ಆಳದಲ್ಲಿ ಅದೇ ಮೇಲಾದ ಕೃತಿಯೆಂಬುದರಲ್ಲಿ ಸಂದೇಹವಿಲ್ಲ. ಆದರೆ ಅದು ಮಕ್ಕಳನ್ನು ಕುರಿತ ಚಿತ್ರವೇ ಹೊರತು ಮಕ್ಕಳಿಗಾಗಿ ಮಾಡಿದ ಚಿತ್ರವೇ ಎಂಬ ಆಕ್ಷೇಪಣೆಗೆ ಪೂರ್ಣವಾದ ಸಮಾಧಾನವಿಲ್ಲ. ಬಾಲಪ್ರೇಕ್ಷಕನನ್ನು ಅದು ಬರಿದಾದ ಮೈದಾನದಲ್ಲಿ ಒಂಟಿಯಾಗಿ ಬಿಟ್ಟುಹೋಗುವುದು.

ಕಿಯಾರೊಸ್ತಮಿಗೇ ಇದು ಹೊಳೆದಿದ್ದಿರಬಹುದು. ೧೯೮೭ರಲ್ಲಿ, ಅದೇ ಸಂಸ್ಥೆಯ ಆಶ್ರಯದಲ್ಲಿ, ಅವನು ಮತ್ತೊಬ್ಬ ಹಳ್ಳಿಯ ಶಾಲಾಬಾಲಕನ ಕಥೆಯನ್ನು ತೆಗೆದನು. ಆ ಹುಡುಗನು ಗೆಳೆಯನ ಬರೆಹದ ಪುಸ್ತಕವನ್ನು ತಪ್ಪಿ ಮನೆಗೆ ತಂದು, ಅದನ್ನು ಹಿಂದಕ್ಕೆ ಕೊಡಲು ಪಕ್ಕದ ಹಳ್ಳಿಗೆ ಓಡುವನು. ಮನೆ ಸಿಕ್ಕದೆ ಹಿಂತಿರುಗಿ, ಗೆಳೆಯನಿಗೆ ಏಟು ಬೀಳದಿರಲೆಂದು ಅವನ ಪಾಠವನ್ನೂ ತಾನೇ ಬರೆದಿಡುವನು. ಅಲ್ಲಿಯೂ ನೆರವಾಗುವ ಹಿರಿಯರಿಲ್ಲ. ಆದರೆ ಋಣವು ಕನಸಿನಲ್ಲಿ ಉಳಿಯದೆ ಕೈಗೆ ಬಂದಿದೆ. ಚೆಂಡನ್ನು ಮಾರಿದ ಹುಡುಗನಿಂದ ಪುಸ್ತಕವನ್ನು ಹಿಂದಿರುಗಿಸಹೋದ ಹುಡುಗನವರೆಗೆ ಹದಿಮೂರು ವರ್ಷಗಳ ದಾರಿ. ಬಾಲಚಿತ್ರಗಳನ್ನು ರಚಿಸಲೆಳಸುವವರು ಗೆದ್ದ ತಂಡಗಳ ಕಥೆಗಳನ್ನು ಬಿಟ್ಟು ಈ ದಾರಿಯನ್ನು ಅಭ್ಯಾಸಮಾಡುವುದು ಲೇಸು.