ಸಾವಿನ ಕಾಗದ, ನೆನಪಿನ ಕಲ್ಲು

ಮದ್ದೂರು ತಾಲ್ಲೂಕಿನ ಭಾರತೀನಗರಕ್ಕೆ ಎರಡು ಹೆಸರು. ಕಾಗದದಲ್ಲಿ ಭಾರತೀನಗರ, ಸುತ್ತಲಿನ ಹಳ್ಳಿಗರ ಬಾಯಲ್ಲಿ ಈಗಲೂ ಕೆ.ಎಂ. ದೊಡ್ಡಿ, ಅಂದರೆ ಕಾಳಮುದ್ದನದೊಡ್ಡಿ. ಕಬ್ಬು, ಭತ್ತ, ರೇಷ್ಮೆಯ ಸೀಮೆ. ಸಕ್ಕರೆ ಕಾರ್ಖಾನೆ ಇದೆ, ಜಿ. ಮಾದೇಗೌಡರು ಕಟ್ಟಿದ ಭಾರತೀ ವಿದ್ಯಾಸಂಸ್ಥೆಗಳಿವೆ. ಈ ಸೀಮೆಯ ಯಾವ ಊರಿನ ಸರ್ಕಲ್ಲಿನಲ್ಲಿ ನಿಂತರೂ ಮೊದಲು ಕಣ್ಣಿಗೆ ಬೀಳುವುದು ಫ್ಲೆಕ್ಸುಗಳು. ಕೆಲವು ಹುಟ್ಟುಹಬ್ಬದವು, ಕೆಲವು ‘ಭಾವಪೂರ್ಣ ಶ್ರದ್ಧಾಂಜಲಿ’ಯವು. ಎರಡರಲ್ಲೂ ನಡುವೆ ಒಂದು ದೊಡ್ಡ ಮುಖ, ಸುತ್ತ ದುಡ್ಡು ಹಾಕಿದವರ ಸಣ್ಣ ಮುಖಗಳು. ಸತ್ತವರು ಯಾವಾಗ ಹುಟ್ಟಿದರು, ಏನು ಬೆಳೆದರು, ಹೇಗೆ ಸತ್ತರು ಎಂಬ ಒಂದು ಸಾಲೂ ಅಲ್ಲಿರುವುದಿಲ್ಲ. ತಿಥಿ ಮುಗಿದ ಮೇಲೆ ಆ ಫ್ಲೆಕ್ಸು ಕೊಟ್ಟಿಗೆಗೋ ಹುಲ್ಲಿನ ಮೆದೆಗೋ ಹೊದಿಕೆಯಾಗುತ್ತದೆ. ಫ್ಲೆಕ್ಸಿಗೂ ದುಡ್ಡಿಲ್ಲದವರ ಮುಖ ಅಷ್ಟು ದಿನವೂ ಇರುವುದಿಲ್ಲ.

ಇದೇ ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ ಸುಮಾರು ಸಾವಿರದ ಎಪ್ಪತ್ತೈದು ವರ್ಷಗಳ ಹಿಂದೆ ಒಂದು ನಾಯಿಗೆ ಕಲ್ಲು ನೆಟ್ಟಿದ್ದರು. ಇತಿಹಾಸದ ವಿದ್ಯಾರ್ಥಿಗಳಿಗೆ ಆತಕೂರು ಶಾಸನ ಗೊತ್ತಿರುವುದು ರಾಷ್ಟ್ರಕೂಟರ ಮೂರನೆಯ ಕೃಷ್ಣ ಮತ್ತು ಗಂಗರ ಇಮ್ಮಡಿ ಬೂತುಗ ಚೋಳರನ್ನು ತಕ್ಕೋಲದಲ್ಲಿ ಗೆದ್ದ ಯುದ್ಧದಿಂದಾಗಿ. ಕಾಲ ಕ್ರಿ.ಶ. 949-50. ಆದರೆ ಆ ಕಲ್ಲು ನಿಂತದ್ದು ‘ಕಾಳಿ’ ಎಂಬ ಬೇಟೆನಾಯಿಗಾಗಿ. ಯುದ್ಧದಲ್ಲಿ ಪರಾಕ್ರಮ ತೋರಿದ ಮಣಲೆರನಿಗೆ ಬೂತುಗ ಏನು ಬೇಕೋ ಕೇಳು ಎಂದಾಗ ಅವನು ಈ ನಾಯಿಯನ್ನು ಕೇಳಿ ಪಡೆದ. ಅದು ಹಂದಿಯೊಂದಿಗೆ ಕಾದಾಡಿತು. ಹಂದಿಯೂ ಸತ್ತಿತು, ನಾಯಿಯೂ ಸತ್ತಿತು. ಮಣಲೆರ ಚಲ್ಲೇಶ್ವರ ಗುಡಿಯ ಮುಂದೆ ಕಲ್ಲು ನಿಲ್ಲಿಸಿ, ಅದರ ಪೂಜೆಗೆಂದು ಭೂಮಿ ಬಿಟ್ಟ. ಆ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ.

ಆ ಕಲ್ಲು ಮಾಡಿದ ಕೆಲಸವನ್ನು ಗಮನಿಸಬೇಕು. ಸತ್ತ ಜೀವಿಯ ಹೆಸರು ಬರೆಯಿತು. ಹೇಗೆ ಸತ್ತಿತು ಎಂದು ಬರೆಯಿತು. ನೆನಪನ್ನು ಉಳಿಸುವ ಹೊಣೆ ಯಾರದು, ಅದರ ಖರ್ಚಿಗೆ ಯಾವ ಭೂಮಿ ಎಂಬುದನ್ನೂ ಬರೆಯಿತು. ವೀರಗಲ್ಲು, ಮಾಸ್ತಿಕಲ್ಲುಗಳ ಕಾಲವನ್ನು ಹೊಗಳುವುದು ನನ್ನ ಉದ್ದೇಶವಲ್ಲ. ಅವು ಒಡೆಯರ ಪರವಾಗಿ ಸತ್ತವರನ್ನು ನೆನೆದವು. ಉತ್ತು ಬಿತ್ತಿ ಸತ್ತವರನ್ನು ನೆನೆಯಲಿಲ್ಲ. ಹೆಂಗಸಿಗೆ ಕಲ್ಲು ಸಿಕ್ಕದ್ದು ಹೆಚ್ಚಾಗಿ ಅವಳು ಬೆಂಕಿಗೆ ಬಿದ್ದಾಗ. ಆದರೂ ಒಂದು ನಾಯಿಗೆ ಸಿಕ್ಕ ಆ ಮೂರು ಸಂಗತಿಗಳು ಇವತ್ತಿನ ಮಂಡ್ಯ ಸೀಮೆಯ ಒಬ್ಬ ರೈತನಿಗೆ, ಒಬ್ಬ ಕೂಲಿ ಹೆಂಗಸಿಗೆ ಸಿಗುತ್ತಿವೆಯೇ ಎಂದು ಕೇಳಿಕೊಳ್ಳಬಹುದಲ್ಲವೇ?

ಈ ಪ್ರಶ್ನೆಯನ್ನಿಟ್ಟುಕೊಂಡು ‘ತಿಥಿ’ ಸಿನಿಮಾವನ್ನು ಮತ್ತೊಮ್ಮೆ ನೋಡಿದೆ. ರಾಮ್ ರೆಡ್ಡಿ ನಿರ್ದೇಶಿಸಿ, ಈರೇಗೌಡರ ಜೊತೆ ಕೂತು ಬರೆದ ಈ ಚಿತ್ರ 2015ರ ಆಗಸ್ಟ್‌ನಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆಯಿತು. ಆಮೇಲೆ ಶ್ರೇಷ್ಠ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ಬಂತು. 2016ರ ಮೇನಲ್ಲಿ ನಮ್ಮ ಟಾಕೀಸುಗಳಿಗೆ ಬಂದಾಗ ಜನ ಮುಗಿಬಿದ್ದು ನೋಡಿದರು. ಚಿತ್ರೀಕರಣ ನಡೆದದ್ದು ಮಂಡ್ಯ ಜಿಲ್ಲೆಯ ಹಳ್ಳಿಯಲ್ಲಿ. ನಟಿಸಿದವರು ಕ್ಯಾಮೆರಾ ಕಾಣದ ಹಳ್ಳಿಗರು. ಆಡುವ ಮಾತು ಅಪ್ಪಟ ಮಂಡ್ಯದ್ದು, ಬೈಗುಳವೂ ಅಷ್ಟೇ.

ಕಥೆ ಬಹಳ ಮಂದಿಗೆ ಗೊತ್ತಿರುವುದೇ. ದಾರಿಹೋಕರನ್ನೆಲ್ಲ ಛೇಡಿಸುತ್ತ ಕೂತಿದ್ದ ನೂರಾ ಒಂದು ವರ್ಷದ ಸೆಂಚುರಿಗೌಡ ಒಂದು ದಿನ ಬೀದಿಯಲ್ಲೇ ಕುಸಿದು ಸಾಯುತ್ತಾನೆ. ಮಗ ಗಡ್ಡಪ್ಪ, ಮೊಮ್ಮಗ ತಮ್ಮಣ್ಣ, ಮರಿಮಗ ಅಭಿ. ಹನ್ನೊಂದನೇ ದಿನದ ತಿಥಿಗೆ ಊರಿಗೆಲ್ಲ ಬಾಡೂಟ ಹಾಕಬೇಕು. ಅಭಿಯ ಮನಸ್ಸು ಕುರಿ ಕಾಯುವ ಹುಡುಗಿಯ ಹಿಂದೆ. ತಮ್ಮಣ್ಣನ ಮನಸ್ಸು ಅಜ್ಜನ ಹೆಸರಿನಲ್ಲಿರುವ ಐದು ಎಕರೆಯ ಮೇಲೆ. ಗಡ್ಡಪ್ಪನಿಗೋ ಯಾವುದರ ಮೇಲೂ ಮನಸ್ಸಿಲ್ಲ. ಕಿಸೆಯಲ್ಲೊಂದು ಬ್ರಾಂದಿ ಬಾಟಲಿ ಇಟ್ಟುಕೊಂಡು ನಡೆಯುತ್ತಲೇ ಇರುತ್ತಾನೆ.

ನಗರದ ವಿಮರ್ಶಕರು ಇದನ್ನು ಹಳ್ಳಿಯ ಹಾಸ್ಯ ಎಂದರು. ಸಾವಿನ ಎದುರು ಜೀವನದ ಸಂಭ್ರಮ ಎಂದರು. ನಾನೂ ನಕ್ಕವನೇ. ಆದರೆ ಎರಡನೇ ಸಲ ನೋಡಿದಾಗ ನನಗೆ ಕಂಡದ್ದು ಬೇರೆ. ಈ ಚಿತ್ರದ ನಿಜವಾದ ನಾಯಕ ಗಡ್ಡಪ್ಪನಲ್ಲ, ಕಾಗದ. ಸೆಂಚುರಿಗೌಡ ಸತ್ತ ಕೂಡಲೇ ತಮ್ಮಣ್ಣನಿಗೆ ಹೊಳೆಯುವುದು ದುಃಖವಲ್ಲ, ಖಾತೆ. ಅಜ್ಜನ ಭೂಮಿ ಅಪ್ಪನ ಹೆಸರಿಗೆ ಬಂದು ಆಮೇಲೆ ತನಗೆ ಬರಬೇಕು. ಅಪ್ಪನಿಗೆ ಅದು ಬೇಡ. ತಡವಾದರೆ ಚಿಕ್ಕಪ್ಪಂದಿರು ಬಿಡುವುದಿಲ್ಲ. ಅದಕ್ಕೆ ಅವನು ಕಂಡುಕೊಳ್ಳುವ ದಾರಿ ಲಂಚ ಕೊಟ್ಟು ಬದುಕಿರುವ ಅಪ್ಪನ ಮರಣ ಪ್ರಮಾಣಪತ್ರ ಮಾಡಿಸುವುದು, ಅಪ್ಪನನ್ನು ದೇಶ ಸುತ್ತಲು ಕಳಿಸುವುದು. ನಡೆದಾಡುವ ಮನುಷ್ಯ ಕಾಗದದಲ್ಲಿ ಸತ್ತವನಾಗುತ್ತಾನೆ.

ತಮ್ಮಣ್ಣ ದುರಾಸೆಯ ಮನುಷ್ಯ ಎಂದು ತೀರ್ಪು ಕೊಡುವುದು ಸುಲಭ. ಪೌತಿ ಖಾತೆಗಾಗಿ ತಾಲ್ಲೂಕು ಕಚೇರಿಗೆ ಅಲೆದವರು ಹಾಗೆ ಹೇಳಲಾರರು. ಮರಣ ಪ್ರಮಾಣಪತ್ರ, ವಂಶವೃಕ್ಷ, ಪಹಣಿ ಇವಿಲ್ಲದೆ ಸಹಕಾರ ಸಂಘದ ಸಾಲವಿಲ್ಲ, ಬೆಳೆ ವಿಮೆಯಿಲ್ಲ, ಪರಿಹಾರವಿಲ್ಲ. ಹಳ್ಳಿಯಲ್ಲಿ ಇವತ್ತು ಒಬ್ಬ ಹಿರಿಯ ತೀರಿಕೊಂಡರೆ ಅತ್ತು ಮುಗಿಸುವ ಮೊದಲೇ ಆಧಾರ್ ಕಾರ್ಡ್ ಎಲ್ಲಿದೆ ಎಂದು ಹುಡುಕಬೇಕಾಗುತ್ತದೆ. ಸಾವು ಒಂದು ಅಗಲಿಕೆಯಾಗುವ ಮುಂಚೆ ಒಂದು ದಾಖಲೆಯಾಗಿಬಿಡುತ್ತದೆ. ‘ತಿಥಿ’ಯ ದೊಡ್ಡ ಗುಣವೆಂದರೆ ಇದನ್ನು ಭಾಷಣವಿಲ್ಲದೆ, ನಗಿಸುತ್ತಲೇ ತೋರಿಸಿದ್ದು.

ಇನ್ನು ಅದರ ಮಿತಿ. ಮೂರು ತಲೆಮಾರಿನ ಗಂಡಸರ ಈ ಕಥೆಯಲ್ಲಿ ಮನೆಯ ಹೆಂಗಸರು ಅಂಚಿನಲ್ಲಿ ಉಳಿಯುತ್ತಾರೆ. ನಮ್ಮ ಹಳ್ಳಿಗಳಲ್ಲಿ ಸತ್ತವರ ಚರಿತ್ರೆಯನ್ನು ಮೊದಲು ಹೇಳುವವರು ಹೆಂಗಸರೇ. ಹೆಣದ ತಲೆದೆಸೆಯಲ್ಲಿ ಕೂತು ‘ಹೇಳಿಕೊಂಡು’ ಅಳುವಾಗ ಆ ಜೀವ ಪಟ್ಟ ಕಷ್ಟ, ಉಣ್ಣದೆ ಮಲಗಿದ ರಾತ್ರಿ, ಮಾರಿದ ಎತ್ತು ಎಲ್ಲ ಒಂದೊಂದಾಗಿ ಹೊರಬರುತ್ತವೆ. ಅದನ್ನು ಗದ್ದಲವೆಂದು ತಿಳಿದು ಸುಮ್ಮನಿರಿಸುವ ವಿದ್ಯಾವಂತರಿದ್ದಾರೆ. ಯಾವ ಕಾಗದಕ್ಕೂ ಹೋಗದ ಜೀವನಚರಿತ್ರೆ ಅದು ಎಂಬುದು ಅವರಿಗೆ ತಿಳಿಯುವುದಿಲ್ಲ.

ಎರಡನೆಯ ಮಿತಿ ಕಾಲದ್ದು. ಲೊಕಾರ್ನೊದಲ್ಲಿ ‘ತಿಥಿ’ಗೆ ಚಪ್ಪಾಳೆ ಬಿದ್ದ 2015ರ ಆ ತಿಂಗಳುಗಳಲ್ಲೇ ಮಂಡ್ಯ ಜಿಲ್ಲೆ ರೈತರ ಆತ್ಮಹತ್ಯೆಗಳಿಂದ ಸುದ್ದಿಯಲ್ಲಿತ್ತು. ಕಬ್ಬಿನ ಬಾಕಿ ಬಂದಿರಲಿಲ್ಲ, ಬೆಲೆ ಬಿದ್ದಿತ್ತು, ಜೂನ್‌ನಲ್ಲಿ ಪಾಂಡವಪುರ ತಾಲ್ಲೂಕಿನ ಒಬ್ಬ ರೈತ ತನ್ನ ಕಬ್ಬಿನ ಗದ್ದೆಯಲ್ಲೇ ಪ್ರಾಣ ಬಿಟ್ಟಿದ್ದ. ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೋದ ಲೆಕ್ಕದಂತೆ ಆ ವರ್ಷ ಕರ್ನಾಟಕದಲ್ಲಿ ಕೃಷಿಯಲ್ಲಿದ್ದ 1,569 ಮಂದಿ ಆತ್ಮಹತ್ಯೆ ಮಾಡಿಕೊಂಡರು. ಒಂದು ಚಿತ್ರ ಎಲ್ಲವನ್ನೂ ಹೇಳಬೇಕೆಂದು ನಾನು ಕೇಳುತ್ತಿಲ್ಲ. ಆದರೆ ನೂರು ದಾಟಿ ಸತ್ತ ಅಜ್ಜನ ಸಾವು ನಗುವಿಗೆ ಒದಗುತ್ತದೆ. ನಲವತ್ತಕ್ಕೆ ಸತ್ತ ಮಗನ ಸಾವು ಒದಗುವುದಿಲ್ಲ. ನೋಡುಗರು ಮೊದಲನೆಯ ತಿಥಿಯಲ್ಲಿ ಉಂಡು ಎದ್ದರು; ಎರಡನೆಯ ತಿಥಿಯ ಮನೆಗೆ ಹೋಗಲಿಲ್ಲ.

ಆ ಮನೆಗೆ ಹೋದದ್ದು ಸರ್ಕಾರ, ಅದೂ ಕಾಗದ ಹಿಡಿದುಕೊಂಡು. ಮೇಲಿನ 1,569ರಲ್ಲಿ 1,197 ಮಂದಿಯನ್ನು ಮಾತ್ರ ರೈತರೆಂದು ಬರೆಯಲಾಗಿದೆ. ಉಳಿದವರು ಕೃಷಿ ಕಾರ್ಮಿಕರು. 2015ರಲ್ಲಿ ರಾಜ್ಯ ಸರ್ಕಾರ ಪರಿಹಾರವನ್ನು 5 ಲಕ್ಷ ರೂಪಾಯಿಗೆ ಏರಿಸಿತು. ಏರಿಸಿದ್ದು ಒಳ್ಳೆಯದೇ. ಆದರೆ ಸತ್ತವನು ‘ಅರ್ಹ’ನೋ ‘ಅನರ್ಹ’ನೋ ಎಂದು ಉಪವಿಭಾಗಾಧಿಕಾರಿಯ ಸಮಿತಿ ತೀರ್ಮಾನಿಸಬೇಕು. ಪಹಣಿ ಯಾರ ಹೆಸರಲ್ಲಿದೆ? ಸಾಲ ಯಾರ ಹತ್ತಿರ? ಬೆಳೆಗೇ ಮಾಡಿದ್ದೋ, ಮಗಳ ಮದುವೆಗೋ? ಗುತ್ತಿಗೆಗೆ ಗದ್ದೆ ಮಾಡಿದವನ ಹೆಸರು ಪಹಣಿಯಲ್ಲಿಲ್ಲ. ನಾಟಿ ಹಾಕಿ, ಕಳೆ ಕಿತ್ತು, ಹಾಲು ಕರೆದು ಬದುಕಿದ ಹೆಂಗಸಿನ ಹೆಸರೂ ಸಾಮಾನ್ಯವಾಗಿ ಇಲ್ಲ. ಅವಳು ಸತ್ತರೆ ‘ಗೃಹಿಣಿ’. ತುಂಡು ಭೂಮಿಯೂ ಇಲ್ಲದೆ ಕಬ್ಬು ಕಡಿಯಲು ಹೋಗುವ, ಆಲೆಮನೆಯಲ್ಲಿ ದುಡಿಯುವ ದಲಿತ, ಮುಸ್ಲಿಮ್ ಕುಟುಂಬಗಳವರ ಕಥೆಯೂ ಇಷ್ಟೇ. ಜೀವನವಿಡೀ ಬೇಸಾಯದಲ್ಲಿದ್ದವರು ಸತ್ತ ಮೇಲೆ ಬೇಸಾಯಗಾರರಾಗಿ ಉಳಿಯುವುದಿಲ್ಲ.

ಕಾರಣ ಹೇಳುವುದರಲ್ಲೂ ಇದೇ ಕಥೆ. 2002ರಲ್ಲಿ ಡಾ. ಜಿ.ಕೆ. ವೀರೇಶ್ ಅಧ್ಯಕ್ಷತೆಯ ತಜ್ಞರ ಸಮಿತಿ ರೈತರ ಆತ್ಮಹತ್ಯೆಗಳ ಬಗ್ಗೆ ವರದಿ ಕೊಟ್ಟಿತು. ಕುಡಿತ, ಕೌಟುಂಬಿಕ ಕಲಹಗಳಿಗೆ ಅದು ಕೊಟ್ಟ ಒತ್ತು ರೈತ ಚಳವಳಿಯ, ಅರ್ಥಶಾಸ್ತ್ರಜ್ಞರ ಟೀಕೆಗೆ ಗುರಿಯಾಯಿತು. ಕುಡಿತ ಇಲ್ಲ ಎಂದು ಯಾರೂ ಹೇಳುವುದಿಲ್ಲ. ‘ತಿಥಿ’ಯ ಗಡ್ಡಪ್ಪನೂ ಕುಡಿಯುತ್ತಾನೆ. ಆದರೆ ವರದಿಯ ಒಂದು ಕಾಲಮ್ಮಿನಲ್ಲಿ ಗಡ್ಡಪ್ಪ ‘ಕುಡುಕ’ ಮಾತ್ರ. ಅವನು ಯಾಕೆ ಕುಡಿಯುತ್ತಾನೆ ಎಂದು ಕೇಳಲು ಆ ಕಾಲಮ್ಮಿನಲ್ಲಿ ಜಾಗವಿಲ್ಲ.

ಸಾವುಗಳಲ್ಲಿ ಯಾವುದನ್ನು ನಾವು ಸಾವೆಂದು ಎಣಿಸುತ್ತೇವೆ ಎಂಬುದಕ್ಕೆ ಮಂಡ್ಯದವರು ಮರೆಯಲಾಗದ ಒಂದು ದಿನವಿದೆ. 2018ರ ನವೆಂಬರ್ 24, ಶನಿವಾರ. ಮಧ್ಯಾಹ್ನ ಪಾಂಡವಪುರ ತಾಲ್ಲೂಕಿನ ಕನಗನಮರಡಿಯ ಬಳಿ ಖಾಸಗಿ ಬಸ್ಸೊಂದು ವಿಶ್ವೇಶ್ವರಯ್ಯ ನಾಲೆಗೆ ಉರುಳಿ 30 ಮಂದಿ ಸತ್ತರು. ಅವರಲ್ಲಿ ಶಾಲೆ ಮುಗಿಸಿ ಮನೆಗೆ ಹೊರಟ ಮಕ್ಕಳಿದ್ದರು. ಅದೇ ರಾತ್ರಿ ಬೆಂಗಳೂರಿನಲ್ಲಿ ಅಂಬರೀಶ್ ತೀರಿಕೊಂಡರು. ಅವರ ಊರು ದೊಡ್ಡರಸಿನಕೆರೆ ಭಾರತೀನಗರದ ನೆರೆಯಲ್ಲೇ ಇದೆ. ಮರುದಿನ ಅವರ ಪಾರ್ಥಿವ ಶರೀರ ಮಂಡ್ಯಕ್ಕೆ ಬಂತು; ಜನಸಾಗರ ಸೇರಿತು; ಟಿ.ವಿ.ಗಳು ಬೇರೇನನ್ನೂ ತೋರಿಸಲಿಲ್ಲ. ಜನ ಮೆಚ್ಚಿದ ಮನುಷ್ಯನಿಗಾಗಿ ಜನ ಅತ್ತದ್ದರಲ್ಲಿ ತಪ್ಪೇನಿಲ್ಲ. ಆದರೆ ನಾಲೆಯಲ್ಲಿ ಹೋದ ಮೂವತ್ತು ಮಂದಿಯ ಹೆಸರು ಜಿಲ್ಲೆಯಲ್ಲಿ ಎಷ್ಟು ಜನಕ್ಕೆ ಗೊತ್ತು? 2023ರ ಜುಲೈನಲ್ಲಿ ಒಮ್ಮೆ, ನವೆಂಬರ್‌ನಲ್ಲಿ ಮತ್ತೊಮ್ಮೆ ಕಾರುಗಳು ಅದೇ ನಾಲೆಗೆ ಬಿದ್ದು ಜನ ಸತ್ತಾಗಲೂ ನಾವು ತಡೆಗೋಡೆಯ ಬಗ್ಗೆಯೇ ಮಾತಾಡಬೇಕಾಯಿತು. ಸತ್ತವರನ್ನು ಮರೆಯುವ ಊರು ಅವರು ಸತ್ತ ಕಾರಣವನ್ನೂ ಮರೆಯುತ್ತದೆ. ಆಗ ಅದೇ ಜಾಗದಲ್ಲಿ ಇನ್ನೊಬ್ಬ ಸಾಯುತ್ತಾನೆ. ನೆನಪು ಬರಿಯ ಭಾವನೆಯ ವಿಷಯವಲ್ಲ ಎಂದು ನಾನು ಹೇಳುವುದು ಇದಕ್ಕೇ.

2021ರ ಜುಲೈ 17ರಂದು ತೀರಿಕೊಂಡ ಮಾದೇಗೌಡರಂಥವರಿಗೆ ಅವರು ಕಟ್ಟಿದ ಸಂಸ್ಥೆಗಳೇ ನೆನಪಾಗಿ ನಿಲ್ಲುತ್ತವೆ. ಕಾವೇರಿ ಹೋರಾಟದ ಚರಿತ್ರೆಯಲ್ಲಿ ಅವರ ಹೆಸರು ಉಳಿಯುತ್ತದೆ. ಆ ಹೋರಾಟಗಳಲ್ಲಿ ಹೆದ್ದಾರಿಯ ಮೇಲೆ ಕೂತು ಬಿಸಿಲು ಕುಡಿದ ನೂರಾರು ರೈತರು, ಸಾರು ಮುದ್ದೆ ಬೇಯಿಸಿದ ಹೆಂಗಸರು ಒಬ್ಬೊಬ್ಬರಾಗಿ ಹೋಗುತ್ತಿದ್ದಾರೆ. ಅವರ ಬಗ್ಗೆ ಬರೆಯುವವರು ಯಾರು?

ಉತ್ತರ ‘ತಿಥಿ’ಯಲ್ಲೇ ಇದೆ ಎಂದು ನನಗೆ ಅನಿಸುತ್ತದೆ. ಊರೂರು ಸುತ್ತಲು ಮಗ ಕಳಿಸಿದ ಗಡ್ಡಪ್ಪ ದೂರ ಹೋಗುವುದಿಲ್ಲ. ಬಯಲಲ್ಲಿ ಬೀಡುಬಿಟ್ಟ ಕುರಿಗಾಹಿಗಳ ಜೊತೆ ಸೇರಿಕೊಳ್ಳುತ್ತಾನೆ. ಒಂದು ರಾತ್ರಿ ಬೆಂಕಿಯ ಮುಂದೆ ಕೂತು ತನ್ನ ಹಿಂದಿನ ಬದುಕನ್ನು ಹೇಳುತ್ತಾನೆ. ಅಲ್ಲಿಯತನಕ ನಗೆಪಾಟಲಿನ ಮುದುಕನಾಗಿದ್ದವನು ಆಗ ಗಾಯಗೊಂಡ ಮನುಷ್ಯನಾಗಿ ಕಾಣುತ್ತಾನೆ. ಇಡೀ ಊರು ಕೇಳದ ಕಥೆಯನ್ನು ನಾಲ್ಕು ದಿನಕ್ಕೆ ಬಂದ ಅಲೆಮಾರಿಗಳು ಕೇಳುತ್ತಾರೆ. ಚಿತ್ರದ ನಿಜವಾದ ತಿಥಿ ನಡೆಯುವುದು ಬಾಡೂಟದ ಪಂಕ್ತಿಯಲ್ಲಲ್ಲ, ಆ ಬೆಂಕಿಯ ಸುತ್ತ.

ಮುಸ್ಲಿಮರಲ್ಲಿ ಜನಾಝಾದ ನಮಾಝನ್ನು ‘ಫರ್ಝ್ ಕಿಫಾಯಾ’ ಎನ್ನುತ್ತಾರೆ. ಊರಿನ ಕೆಲವರು ಸೇರಿ ಅದನ್ನು ಸಲ್ಲಿಸಿದರೆ ಎಲ್ಲರ ಹೊಣೆಯೂ ತೀರಿತು. ಯಾರೂ ಸಲ್ಲಿಸದಿದ್ದರೆ ತಪ್ಪು ಇಡೀ ಊರಿನದು. ಸತ್ತವರು ಅವರ ಮನೆಯವರಿಗೆ ಮಾತ್ರ ಸೇರಿದವರಲ್ಲ ಎಂಬ ತಿಳಿವಳಿಕೆ ಇದರಲ್ಲಿದೆ. ಗೌಡರ ಕೇರಿಯ ಹೆಣಕ್ಕೆ ಸಾಬರು ಹೆಗಲು ಕೊಡುವ, ಸಾಬರ ಮಯ್ಯತ್ತಿಗೆ ಗೌಡರು ಬಂದು ಹಿಡಿ ಮಣ್ಣು ಹಾಕುವ ನಮ್ಮ ಹಳ್ಳಿಗಳಿಗೆ ಈ ತಿಳಿವಳಿಕೆ ಹೊಸದೇನೂ ಅಲ್ಲ. ಹೆಗಲು ಕೊಡುವಲ್ಲಿಗೆ ಮುಗಿಯುವ ಆ ಹೊಣೆಯನ್ನು ನೆನಪಿನ ತನಕ ಮುಂದುವರಿಸಬೇಕು, ಅಷ್ಟೆ.

ಅದಕ್ಕೆ ಕಲ್ಲು ಬೇಕಿಲ್ಲ, ಫ್ಲೆಕ್ಸೂ ಬೇಡ. ಮದ್ದೂರು, ಮಳವಳ್ಳಿ, ಭಾರತೀನಗರದ ಕಾಲೇಜುಗಳಲ್ಲಿ ಓದುವ ಮಕ್ಕಳು ಬಹುಪಾಲು ಈ ಹಳ್ಳಿಗಳವರೇ. ಒಬ್ಬೊಬ್ಬ ವಿದ್ಯಾರ್ಥಿ ತನ್ನ ಊರಿನಲ್ಲಿ ಆ ವರ್ಷ ತೀರಿಕೊಂಡ ಒಬ್ಬರ ಬಗ್ಗೆ ಎರಡು ಪುಟ ಬರೆದು ತಂದರೆ ಸಾಕು: ಹೆಸರು, ಮಾಡಿದ ಕೆಲಸ, ಪಟ್ಟ ಪಾಡು, ಸತ್ತ ರೀತಿ. ಪಹಣಿಯಲ್ಲಿ ಹೆಸರಿದೆಯೋ ಇಲ್ಲವೋ ಎಂದು ಕೇಳದೆ ಬರೆಯಬೇಕು. ಅಳುವ ಅಜ್ಜಿ ಹೇಳುವುದನ್ನು ತಿದ್ದದೆ ಬರೆದುಕೊಳ್ಳಬೇಕು. ಗ್ರಾಮ ಪಂಚಾಯಿತಿಯ ವಾಚನಾಲಯದಲ್ಲಿ ಅಂಥದ್ದೊಂದು ಪುಸ್ತಕ ಇದ್ದರೆ, ಹತ್ತು ವರ್ಷದ ಮೇಲೆ ತೆರೆದವರಿಗೆ ನಾಲೆಯ ಯಾವ ತಿರುವಿನಲ್ಲಿ ಎಷ್ಟು ಜನ ಹೋದರು, ಯಾವ ಬೆಳೆಯ ವರ್ಷ ಎಷ್ಟು ಮನೆಗಳು ಕೆಟ್ಟವು ಎಂಬುದೂ ಕಾಣುತ್ತದೆ.

ಆತಕೂರಿನಲ್ಲಿ ಮಣಲೆರ ತನ್ನ ನಾಯಿಯ ಹೆಸರನ್ನು ಮರೆಯಲಿಲ್ಲ. ನಮ್ಮೂರಿನಲ್ಲಿ ಹೋದ ವರ್ಷ ತೀರಿಕೊಂಡ ಕೂಲಿಯವಳ ಹೆಸರು ನಮ್ಮಲ್ಲಿ ಎಷ್ಟು ಜನಕ್ಕೆ ನೆನಪಿದೆ?