ಜಗಲಿಯ ಮೇಲಿನ ಯುದ್ಧ

ಕುವೆಂಪು ಅವರ ‘ಕಾನೂರು ಹೆಗ್ಗಡಿತಿ’ (1936) ಎಂದೊಡನೆ ಕಾಡು, ಮಳೆ, ಶಿಕಾರಿಯ ಮಾತೇ ಮೊದಲು ಬರುತ್ತದೆ. ನನ್ನ ಪಾಲಿಗೆ ಅದು ಹಿಸ್ಸೆಯ ಕಾದಂಬರಿ. ಒಟ್ಟುಮನೆಯೊಂದು ಹೋಳಾಗುವಾಗ ಯಾರ ಬಾಯಲ್ಲಿ ಎಂಥ ಮಾತು ಬರುತ್ತದೆ ಎಂಬುದನ್ನು ಇಷ್ಟು ಹತ್ತಿರ ಕೂತು ಕೇಳಿಸಿಕೊಂಡ ಲೇಖಕರು ನಮ್ಮಲ್ಲಿ ಕಡಿಮೆ.

ಕಾನೂರಿನ ಯಜಮಾನ ಚಂದ್ರಯ್ಯಗೌಡರಿಗೂ ಮೈಸೂರಿನಲ್ಲಿ ಓದಿ ಬಂದ ಅಣ್ಣನ ಮಗ ಹೂವಯ್ಯನಿಗೂ ನಡೆಯುವುದು ಬಡಿಗೆಯ ಜಗಳವಲ್ಲ. ಗೌಡರ ಬಲವಿರುವುದು ಆಳು-ಒಕ್ಕಲುಗಳ ಹೆದರಿಕೆಯಲ್ಲಿ, ಅಗ್ರಹಾರದ ಜೋಯಿಸ ವೆಂಕಪ್ಪಯ್ಯನ ಬೆಂಬಲದಲ್ಲಿ, ಜಗಲಿಯಲ್ಲಿ ಕೂತು ಆಡಿದ ಮಾತಿಗೆ ಎದುರಾಡುವವರಿಲ್ಲ ಎಂಬ ನಂಬಿಕೆಯಲ್ಲಿ. ಓದಿದ ಹುಡುಗ ಯಾಕೆ ಎಂದು ಕೇಳಿದರೆ ಸಾಕು, ಅಷ್ಟೂ ಅಲುಗುತ್ತದೆ. ಹೂವಯ್ಯ ತಾಯಿ ನಾಗಮ್ಮನೊಡನೆ ಕೆಳಕಾನೂರಿಗೆ ಹೋದ ಮೇಲೂ ದಾಯಾದಿ ಹಗೆ ತಣಿಯುವುದಿಲ್ಲ. ಮದುವೆಯ ಚಪ್ಪರದವರೆಗೂ ಬರುತ್ತದೆ. ಹೂವಯ್ಯನಲ್ಲಿ ಮನಸ್ಸಿಟ್ಟ ಮುತ್ತಳ್ಳಿಯ ಸೀತೆಯನ್ನು ಗೌಡರ ಮಗ ರಾಮಯ್ಯನಿಗೆ ಕಟ್ಟುತ್ತಾರೆ. ಗದ್ದೆ, ತೋಟ, ಪಾತ್ರೆಪಗಡಿ ಹಂಚಿಕೊಂಡವರಿಗೆ ಹೆಣ್ಣೂ ಹಂಚಿಕೆಯ ಸಾಮಾನು. ರಾಮಯ್ಯ ದುಷ್ಟನಾಗಿದ್ದರೆ ಓದುಗನಿಗೆ ಸುಲಭವಾಗುತ್ತಿತ್ತು. ಅವನು ಬರೀ ಅಪ್ಪನೆದುರು ನಿಲ್ಲಲಾರದವನು.

ನನ್ನ ತಕರಾರು ಹೂವಯ್ಯನ ಮೇಲೆ. ಗಾಡಿ ಮಗುಚಿ ಬೆನ್ನಿಗೆ ಪೆಟ್ಟಾಗಿ ಮಲಗಿದಾಗ ಅವನು ಮನುಷ್ಯ. ಎದ್ದು ಆದರ್ಶ ಹೇಳತೊಡಗಿದರೆ ಬರೆದವರ ದನಿಯೇ ಕೇಳುತ್ತದೆ. ಆಗೆಲ್ಲ ನಾನು ಗಾಡಿಯಾಳು ನಿಂಗನ ಮಾತಿಗೆ ಕಾಯುತ್ತೇನೆ.

ಸುಬ್ಬಮ್ಮನ ವಿಷಯ ಬೇರೆ. ವಯಸ್ಸಾದ ಗೌಡರ ಮೂರನೆಯ ಹೆಂಡತಿಯಾಗಿ ಬಡಮನೆಯಿಂದ ಬಂದ ಈ ಹುಡುಗಿಗೆ ಹೆಗ್ಗಡಿತಿಯ ಪಟ್ಟ ಸಿಕ್ಕಿತು, ಬಾಳು ಸಿಗಲಿಲ್ಲ. ಅವಳ ಜಗಳಗಂಟಿತನ, ಹೊಟ್ಟೆಕಿಚ್ಚು, ದರ್ಪ ಎಲ್ಲವನ್ನೂ ಕುವೆಂಪು ಮುಚ್ಚುಮರೆಯಿಲ್ಲದೆ ಬರೆಯುತ್ತಾರೆ. ಆದರೆ ಗಂಡ ಸತ್ತ ಮೇಲೆ ಸೇರೆಗಾರ ರಂಗಪ್ಪಸೆಟ್ಟಿಯ ಸಂಗದಿಂದ ಬಸಿರಾದವಳನ್ನು ಸಾವಿಗೆ ನೂಕುವಾಗ ಕಾದಂಬರಿ ಊರಿನ ನ್ಯಾಯವನ್ನೇ ಒಪ್ಪಿಕೊಂಡಂತೆ ಕಾಣುತ್ತದೆ. ಮೂರು ಮದುವೆಯಾದ ಗೌಡರಿಗೆ ಇಂಥ ಲೆಕ್ಕ ಯಾರೂ ಕೇಳಲಿಲ್ಲವಲ್ಲ!

1999ರಲ್ಲಿ ಇದನ್ನು ಸಿನಿಮಾ ಮಾಡಿದ ಗಿರೀಶ ಕಾರ್ನಾಡರು ತಾವೇ ಗೌಡರ ಪಾತ್ರ ವಹಿಸಿ, ಸುಬ್ಬಮ್ಮನನ್ನು ತಾರಾ ಕೈಗೆ ಕೊಟ್ಟರು. ಕಾದಂಬರಿಯ ಹರಹು ಅಲ್ಲಿ ಸೊರಗಿದೆ, ನಿಜ. ಆದರೂ ತಾರಾ ಮುಖ ನೋಡಿದ ಮೇಲೆ ಪುಸ್ತಕ ತೆರೆದರೆ ಹೂವಯ್ಯನ ಪುಟಗಳನ್ನು ದಾಟಿ ಅವಳಿರುವ ಅಡುಗೆಮನೆಯನ್ನೇ ಹುಡುಕುವಂತಾಗುತ್ತದೆ.